ಅವಳನ್ನೇ ಕೇಳಿ: ಕುಂದಾಣದ ಕಡೆಗೆ ಎರಡು ದಿನದ ಪಯಣ

ತುಮಕೂರಿನಿಂದ ಹೊರಟಾಗ ಇನ್ನೂ ಮಂಜು ಕರಗಿರಲಿಲ್ಲ. ಡಾಬಸ್‌ಪೇಟೆವರೆಗೆ ಒಂದು ಬಸ್ಸು, ಅಲ್ಲಿಂದ ದೊಡ್ಡಬಳ್ಳಾಪುರಕ್ಕೆ ಇನ್ನೊಂದು, ಆಮೇಲೆ ಕುಂದಾಣದ ಕಡೆಗೆ ಯಾವುದು ಸಿಕ್ಕರೆ ಅದು. ಬೆಂಗಳೂರಿನೊಳಗೆ ಕಾಲಿಡದೆ ಅದರ ಹೊರಅಂಚನ್ನು ಸವರಿಕೊಂಡು ಹೋಗುವ ದಾರಿ. ಆಧಾರ್ ತೋರಿಸಿದ್ದಕ್ಕೆ ಕಂಡಕ್ಟರ್ ಶೂನ್ಯ ದರದ ಟಿಕೆಟ್ ಹರಿದು ಕೊಟ್ಟು, “ಡಾಬಸ್‌ಪೇಟೆ ಬಂದ್ರೆ ಕೂಗ್ತೀನಿ, ಮಲಗಿ ಮೇಡಂ” ಎಂದ. ಕೂಗಿದರೆ ಕೇಳಿಸುವವರಿಗೆ ಪ್ರಯಾಣ ಎಷ್ಟು ಸಲೀಸು ಎಂದುಕೊಂಡೆ. ನನ್ನ ಅಪ್ಪ ಅಮ್ಮ ಬಸ್ಸಿನಲ್ಲಿ ಒಮ್ಮೆಯೂ ಕಣ್ಣು ಮುಚ್ಚಿದವರಲ್ಲ. ಇಳಿಯುವ ಊರು ದಾಟಿಹೋದೀತೆಂದು ಕಿಟಕಿಯಾಚೆಯ ಬೋರ್ಡುಗಳನ್ನು ಓದುತ್ತಲೇ ಕೂತಿರುತ್ತಿದ್ದರು.

ಇಬ್ಬರೂ ಹುಟ್ಟಿನಿಂದ ಕಿವುಡರು. ಹಾಗಾಗಿ ನಾನು ಬಾಯಿಮಾತಿಗಿಂತ ಮೊದಲು ಕಲಿತದ್ದು ಸನ್ನೆ ಭಾಷೆ. ಈಗ ಅದೇ ನನ್ನ ಕಸುಬು. ಆಸ್ಪತ್ರೆ, ಕೋರ್ಟು, ಠಾಣೆ, ಮದುವೆ ಮಾತುಕತೆ, ಎಲ್ಲಿಗೆ ಕರೆದರೂ ಹೋಗಿ ಇವರ ಮಾತನ್ನು ಅವರಿಗೆ, ಅವರ ಮಾತನ್ನು ಇವರಿಗೆ ಮುಟ್ಟಿಸುತ್ತೇನೆ. ಈ ಸಲ ಕರೆದವಳು ಮಂಜುಳ. ಅಪ್ಪ ಹೊಲಿಗೆ ಕಲಿಸುತ್ತಿದ್ದ ಕಿವುಡರ ಶಾಲೆಯಲ್ಲಿ ಓದಿದವಳು, ಈಗ ದೊಡ್ಡಬಳ್ಳಾಪುರದಲ್ಲಿ ಪವರ್‌ಲೂಮ್ ಮಗ್ಗದಲ್ಲಿ ಸೀರೆ ನೇಯುತ್ತಾಳೆ. ಹಿಂದಿನ ವಾರ ವಿಡಿಯೋ ಕರೆಯಲ್ಲಿ ಅವಳು ಹೇಳಿದ್ದು ಇಷ್ಟು (ಅವಳ ಸನ್ನೆಗಳನ್ನು ನಮ್ಮ ಆಡುಮಾತಿನಲ್ಲೇ ಬರೆಯುತ್ತೇನೆ): “ಅಪ್ಪನ ಜಮೀನು ಮಾರ್ತಾವ್ರೆ. ರಿಜಿಸ್ಟರ್‌ಗೆ ನನ್ನ ಸೈನ್ ಬೇಕಂತೆ. ಅಣ್ಣ ಬಾಯಾಡಿಸಿದ್ರೆ ನಂಗೆ ಅರ್ಧ ಗೊತ್ತಾಗುತ್ತೆ, ಇನ್ನರ್ಧ ಅವನೇ ಮುಚ್ಚಿಡ್ತಾನೆ. ನೀನು ಬಾ.”

ಡಾಬಸ್‌ಪೇಟೆಯಲ್ಲಿ ಇಳಿದು ಶಿವಗಂಗೆ ಬೆಟ್ಟದ ಕಡೆ ಮುಖ ಮಾಡಿ ಒಂದು ಲೋಟ ಕಾಫಿ ಕುಡಿದೆ. ಬೆಟ್ಟ ಇರಬೇಕಾದ ಕಡೆ ಬರೀ ಬಿಳಿ. ದೊಡ್ಡಬಳ್ಳಾಪುರದ ಬಸ್ಸು ಕಂಟೈನರ್ ಲಾರಿಗಳ ಮಧ್ಯೆ ನುಸುಳಿಕೊಂಡು ಒಂದು ಗಂಟೆಗೂ ಮೀರಿ ಓಡಿತು. ಎರಡೂ ಕಡೆ ಗೋದಾಮುಗಳು, ಅವುಗಳ ಹಿಂದೆ ಕೊಯ್ಲು ಮುಗಿದ ರಾಗಿ ಹೊಲ, ಹೊಲಕ್ಕೊಂದು “ಈ ಜಾಗ ಮಾರಾಟಕ್ಕಿಲ್ಲ” ಎಂಬ ಬೋರ್ಡು. ಮಾರಾಟಕ್ಕಿಲ್ಲ ಎಂದು ಬರೆದು ನಿಲ್ಲಿಸಬೇಕಾದ ಕಾಲ ಬಂದಿದೆ ಎಂದರೆ ಉಳಿದದ್ದೆಲ್ಲ ಏನಾಗುತ್ತಿದೆ ಎಂದು ಊಹಿಸಿಕೊಳ್ಳಬಹುದು.

ಮಂಜುಳ ಕೆಲಸ ಮಾಡುವ ಶೆಡ್ಡು ದೊಡ್ಡಬಳ್ಳಾಪುರದ ಒಂದು ಗಲ್ಲಿಯಲ್ಲಿದೆ. ಗಲ್ಲಿಗೆ ತಿರುಗುತ್ತಿದ್ದಂತೆಯೇ ಮಗ್ಗಗಳ ಖಟಖಟ ಕಿವಿಗೆ ಬಡಿಯಿತು. ಒಳಗೆ ಹೋಗಿ ನಿಂತೆ. ಎಂಟು ಮಗ್ಗ ಒಟ್ಟಿಗೆ ಓಡುವ ಆ ಜಾಗದಲ್ಲಿ ಕೂಗಿದರೂ ಪಕ್ಕದವರಿಗೆ ಕೇಳುವುದಿಲ್ಲ. ಹಾಗಾಗಿ ಅಲ್ಲಿ ಎಲ್ಲರೂ ಕೈಯಲ್ಲೇ ಮಾತಾಡುತ್ತಾರೆ. ಎಳೆ ತುಂಡಾಯಿತು ಎನ್ನಲು ಎರಡು ಬೆರಳ ಕತ್ತರಿ, ಟೀ ಬಂತು ಎನ್ನಲು ಹೆಬ್ಬೆರಳು ಬಾಯಿಗೆ. ಮಂಜುಳ ಆ ಗದ್ದಲದ ನಡುವೆ ಬರಿಗಾಲಲ್ಲಿ ನಿಂತಿದ್ದಳು. ನೆಲದ ಅದುರಿನಿಂದಲೇ ಯಾವ ಮಗ್ಗ ನಿಂತಿತೆಂದು ಅವಳಿಗೆ ಗೊತ್ತಾಗುತ್ತದೆ. ನನ್ನನ್ನು ನೋಡಿ ಮಗ್ಗ ನಿಲ್ಲಿಸಿದಳು. ಪಕ್ಕದ ಮಗ್ಗದ ಹೆಂಗಸು ಕೈಯೆತ್ತಿ, ಸೈನ್ ಮಾಡುವಾಗ ಹುಷಾರು, ಎಂದು ಸನ್ನೆ ಮಾಡಿದಳು. ಒಂದು ಮಾತೂ ಆಡದೆ ಇಡೀ ಶೆಡ್ಡು ನಮ್ಮನ್ನು ಬೀಳ್ಕೊಟ್ಟಿತು.

ಮಧ್ಯಾಹ್ನದ ಬಸ್ಸಿನಲ್ಲಿ ಸೀಟು ಸಿಕ್ಕಿತು. ನಮ್ಮ ಮುಂದೆ ಘಾಟಿ ಸುಬ್ರಹ್ಮಣ್ಯಕ್ಕೆ ಹೋಗಿ ವಾಪಸಾಗುತ್ತಿದ್ದ ಒಬ್ಬ ಹೆಂಗಸು ಕೂತಿದ್ದಳು. ನಾವು ಕೈಯಲ್ಲಿ ಮಾತಾಡುವುದನ್ನು ತಿರುಗಿ ತಿರುಗಿ ನೋಡಿ, ಕೊನೆಗೆ ಪ್ರಸಾದದ ಪೊಟ್ಟಣ ಬಿಚ್ಚಿ ನನ್ನ ಕೈಗಿಟ್ಟಳು.

“ಹುಟ್ಟಿದಾಗಿಂದ್ಲೂ ಹಿಂಗೇನಾ ಪಾಪ?”

“ಹೌದು.”

“ಘಾಟಿಗೆ ಕರ್ಕೊಂಡೋಗಿ ಹರಕೆ ಕಟ್ಕಳಿ ಕಣಮ್ಮ. ಮಾತು ಬಂದ್ಬಿಡುತ್ತೆ. ನಮ್ಮ ನಾದಿನಿ ಮಗೀಗೆ ಬಂತು.”

ನಾನು ಅದನ್ನು ಮಂಜುಳಳಿಗೆ ತಿಳಿಸಿದೆ. ಅವಳು ಪ್ರಸಾದ ಕಣ್ಣಿಗೊತ್ತಿಕೊಂಡು ಬಾಯಿಗೆ ಹಾಕಿಕೊಂಡು, “ಮಾತು ಬರುತ್ತೆ, ಇವಾಗ ಆಡ್ತಿರೋದು ಅದೇನೆ, ಅಂತ ಹೇಳು” ಎಂದಳು. ಹೇಳಿದೆ. ಹೆಂಗಸು ಮತ್ತೆ ತಿರುಗಿ, ಈ ಸಲ ನನ್ನನ್ನು ಬಿಟ್ಟು ಮಂಜುಳಳ ಕೈಗೇ ಬಾಳೆಹಣ್ಣು ಕೊಟ್ಟಳು. ಇಡೀ ಪಯಣದಲ್ಲಿ ಇಷ್ಟು ಬೇಗ ಪಾಠ ಕಲಿತವರು ಬೇರೆ ಯಾರೂ ಇಲ್ಲ.

ಮಂಜುಳಳ ಹಳ್ಳಿಯ ಹೆಸರು ಬರೆಯುವುದಿಲ್ಲ, ಬೇಡವೆಂದು ಅವಳೇ ಹೇಳಿದ್ದಾಳೆ. ಕುಂದಾಣದಿಂದ ಆಟೋದಲ್ಲಿ ಸ್ವಲ್ಪ ದೂರ. ದ್ರಾಕ್ಷಿ ಚಪ್ಪರಗಳು, ಗುಲಾಬಿ ಬೆಳೆಯುವ ಪ್ಲಾಸ್ಟಿಕ್ ಮನೆಗಳು, ಅವುಗಳ ನೆತ್ತಿಯ ಮೇಲೇ ಎಂಬಂತೆ ಇಳಿಯುವ ವಿಮಾನಗಳು. ಅಣ್ಣ ಮುನಿರಾಜು ಮನೆಯ ಮುಂದೆ ಕಾಯುತ್ತಿದ್ದ. ಐವತ್ತರ ಆಸುಪಾಸಿನ, ಮೆತ್ತಗೆ ಮಾತಾಡುವ ಮನುಷ್ಯ. “ಬನ್ನಿ ಮೇಡಂ, ದೂರದಿಂದ ಬಂದಿದೀರ” ಎಂದು ಬಿಸಿನೀರು ಕೊಡಿಸಿದ. ಅವನ ಹೆಂಡತಿ ಭಾಗ್ಯ ಹಿತಕಿದ ಅವರೆಬೇಳೆ ಸಾರು, ಮುದ್ದೆ ಬಡಿಸಿದಳು. ಆ ಸಾರಿನ ರುಚಿಯನ್ನು ನಾನು ಮರೆಯಲಾರೆ, ಆ ಊಟದ ಮಾತುಗಳನ್ನೂ ಮರೆಯಲಾರೆ.

“ಇವಳನ್ನ ನಾವೇ ಸಾಕಿದ್ದು ಮೇಡಂ,” ಎಂದ ಮುನಿರಾಜು. “ಅಪ್ಪ ಹೋದಾಗ ಇವಳಿನ್ನೂ ಚಿಕ್ಕೋಳು. ಕೊಳ್ಳೋರ ಕಡೆ ಲಾಯರ್ರು, ಹೆಣ್ಮಗಳ ಸೈನೂ ಇರ್ಬೇಕು ಅಂದ್ರು. ಅದಕ್ಕೆ ಇಷ್ಟೆಲ್ಲಾ ರಗಳೆ. ಇಲ್ದಿದ್ರೆ ಇವಳಿಗೇನ್ ಗೊತ್ತಾಗುತ್ತೆ?”

ನನ್ನ ಕೈ ಆಡುತ್ತಿತ್ತು. ಮಂಜುಳ ನೋಡುತ್ತಾ ಮುದ್ದೆ ನುಂಗುತ್ತಿದ್ದಳು. ಭಾಗ್ಯ ಗಾಬರಿಯಾಗಿ ನನ್ನ ಮೊಣಕೈ ಹಿಡಿದಳು. “ಅಯ್ಯೋ, ಅದನ್ನೆಲ್ಲಾ ಅವಳಿಗೆ ಹೇಳ್ಬೇಡಿ ಮೇಡಂ. ಬೇಜಾರ್ ಮಾಡ್ಕೊತಾಳೆ.”

“ಅವಳ ಮುಂದೆ ಆಡಿದ ಮಾತೆಲ್ಲ ಅವಳಿಗೆ ಹೇಳೋದೇ ನನ್ನ ಕೆಲಸ. ಬೇಡ ಅಂದ್ರೆ ಆಡ್ಬೇಡಿ,” ಎಂದೆ. ಭಾಗ್ಯಳ ಈ ಮಾತನ್ನೂ ಸನ್ನೆ ಮಾಡಿದೆ. ಮಂಜುಳ ನಕ್ಕು ಇನ್ನೊಂದು ಮುದ್ದೆಗೆ ತಟ್ಟೆ ಚಾಚಿದಳು. ಅವಳು ಹದಿನೈದು ವರ್ಷದಿಂದ ತನ್ನ ಕೂಲಿಯಲ್ಲಿ ತಾನು ಬದುಕಿದ್ದಾಳೆ, ಬಾಡಿಗೆ ಕೋಣೆ ಅವಳ ಹೆಸರಲ್ಲಿದೆ, ಬ್ಯಾಂಕ್ ಖಾತೆ ಇದೆ. ಈ ಮನೆಯಲ್ಲಿ ಮಾತ್ರ ಅವಳು ಇನ್ನೂ ಸಾಕಬೇಕಾದ ಕೂಸು. ದ್ವೇಷದಿಂದ ಹಾಗೆಂದಿದ್ದರೆ ಜಗಳವಾಡಬಹುದಿತ್ತು. ಅವರು ಪ್ರೀತಿಯಿಂದಲೇ ಅಂದಿದ್ದರು, ಅದಕ್ಕೇ ಸಿಟ್ಟು ಇನ್ನೂ ಏರಿತು.

ಸಂಜೆ ಬೆಳಕಿರುವಾಗಲೇ ಮಾಳಿಗೆ ಹತ್ತಿದೆವು. ಪಡುವಲಲ್ಲಿ ಬೆಟ್ಟಗಳ ಸಾಲು. ಮಾಕಳಿದುರ್ಗ ಇಲ್ಲಿಂದ ಕಾಣುತ್ತದೆಯೇ ಎಂದು ಕೇಳಿದೆ. ಕಾಣುವುದಿಲ್ಲವೆಂದು ತಲೆಯಾಡಿಸಿ, ಎದುರಿನ ಹೊಲವನ್ನು ತೋರಿಸಿದಳು. ಅದೇ ಅವರ ಜಮೀನು. ಕೊಯ್ದ ರಾಗಿಯ ಕೂಳೆ, ಒಂದು ಹುಣಸೆಮರ. ನಾನು ಮರುಕದಿಂದ, “ಇದನ್ನು ಉಳಿಸಿಕೊಳ್ಳೋಕೆ ದಾರಿ ಇದೆ. ಕೋರ್ಟಿಗೆ ಹೋಗಬಹುದು” ಎಂದೆ.

ಅವಳು ವಿಚಿತ್ರವಾಗಿ ನೋಡಿದಳು. “ಉಳಿಸ್ಕೊಳ್ಳಬೇಕು ಅಂತ ನಾನು ಯಾವಾಗ ಹೇಳ್ದೆ?”

“ಮತ್ತೆ?”

“ಮಾರ್ಬೇಕು. ನನ್ನ ಪಾಲಲ್ಲಿ ಎರಡು ಮಗ್ಗ ತಗೋತೀನಿ. ಅಣ್ಣ ನನ್ನ ಖಾತೆಗೇ ಹಾಕಿಸ್ತೀನಿ ಅಂದವ್ನೆ. ನೀನೂ ಅವರ ಥರಾನೇ. ನನ್ನ ಕೇಳ್ದೇನೇ ನಂಗೇನ್ ಬೇಕು ಅಂತ ತೀರ್ಮಾನ ಮಾಡ್ಬಿಟ್ಟೆ.”

ಕೆನ್ನೆಗೆ ಹೊಡೆದಂತಾಯಿತು. ಅಷ್ಟರಲ್ಲಿ ಒಂದು ವಿಮಾನ ತಲೆಯ ಮೇಲೆ ಹಾದುಹೋಯಿತು. ಅವಳು ಎದೆಯ ಮೇಲೆ ಅಂಗೈ ಇಟ್ಟು ಅದರ ಅದುರು ಅಳೆದು, “ದೊಡ್ಡದು” ಎಂದಳು.

ಮಾರನೆಯ ದಿನ ಕೊಳ್ಳುವವರ ಕಡೆಯ ವ್ಯಕ್ತಿ ದೊಡ್ಡ ಕಾರು ತಂದ. ಈಗ ಯಾವ ಊರಿನ ಜಮೀನನ್ನಾದರೂ ಬೇರೊಂದು ಊರಿನ ಕಚೇರಿಯಲ್ಲಿ ನೋಂದಾಯಿಸಬಹುದು. ನಾವು ಹೋದದ್ದು ಎಲ್ಲಿಗೆ ಎಂದು ನಾನು ಹೇಳುವುದಿಲ್ಲ, ಎಲ್ಲಿಗೆ ಹೋಗಿದ್ದರೂ ಹೆಚ್ಚೇನೂ ಬೇರೆಯಾಗುತ್ತಿರಲಿಲ್ಲವೆಂದು ನನ್ನ ಅನುಭವ. ಕಚೇರಿಯ ಎದುರಿನ ಟೈಪಿಂಗ್ ಅಂಗಡಿಯಲ್ಲಿ ಕ್ರಯಪತ್ರ ಸಿದ್ಧವಾಗಿತ್ತು. ಮಂಜುಳ ಕೇಳಿ ತೆಗೆದುಕೊಂಡು, ಬೆಂಚಿನ ತುದಿಯಲ್ಲಿ ಕೂತು ಒಂದೊಂದೇ ಹಾಳೆ ಓದಿದಳು. ಟೈಪಿಸ್ಟು ಮುನಿರಾಜುವಿನತ್ತ ಹುಬ್ಬೇರಿಸಿ, “ಓದಕ್ ಬರುತ್ತಾ?” ಎಂದ. “ಏನೋ, ನೋಡ್ತಾಳೆ” ಎಂದ ಮುನಿರಾಜು. ಅವಳು ಓದಿ ಮುಗಿಸಿ, ಹಾಳೆಗಳನ್ನು ಜೋಡಿಸಿ ವಾಪಸು ಕೊಟ್ಟಳು.

ನಮ್ಮ ಸರದಿ ಬಂದಾಗ ಹನ್ನೊಂದು ದಾಟಿತ್ತು. ಅಧಿಕಾರಿ ಕಂಪ್ಯೂಟರಿನಿಂದ ಕಣ್ಣೆತ್ತದೆ ಮುನಿರಾಜುವಿನ ಒಪ್ಪಿಗೆ ಕೇಳಿದರು, ಫೋಟೋ ತೆಗೆದರು, ಬೆರಳು ಒತ್ತಿಸಿಕೊಂಡರು. ಎಲ್ಲ ಮುಗಿಯಲು ಒಂದು ಟೀ ಕುಡಿಯುವಷ್ಟು ಹೊತ್ತೂ ಬೇಕಾಗಲಿಲ್ಲ. ಆಮೇಲೆ ಮಂಜುಳ ಮುಂದೆ ಬಂದಳು. ನಾನು ಅವಳಿಗೆ ಎದುರಾಗಿ, ಅಧಿಕಾರಿಯ ಪಕ್ಕದಲ್ಲಿ ನಿಂತೆ.

“ಇವ್ರು ಮೂಗ್ರಾ? ಗಾರ್ಡಿಯನ್ ಯಾರು?”

“ಗಾರ್ಡಿಯನ್ ಬೇಕಾಗಿಲ್ಲ ಸರ್. ಮೇಜರ್ ಇದಾರೆ, ಓದಿದಾರೆ, ಸೈನ್ ಮಾಡ್ತಾರೆ. ನಾನು ದುಭಾಷಿ. ನೀವು ಅವರನ್ನೇ ಕೇಳಿ, ನಾನು ತಿಳಿಸ್ತೀನಿ.”

“ಹಂಗೆಲ್ಲಾ ಆಗಲ್ಲಮ್ಮ. ನಾಳೆ ಯಾರಾದ್ರೂ ಕೇಸ್ ಹಾಕಿದ್ರೆ? ಬುದ್ಧಿ ಸ್ಥಿರ ಇದೆ ಅಂತ ಡಾಕ್ಟರ್ ಹತ್ರ ಬರೆಸ್ಕೊಂಡು ಬನ್ನಿ. ಇಲ್ಲಾಂದ್ರೆ ಅಣ್ಣನ್ನೇ ಗಾರ್ಡಿಯನ್ ಅಂತ ಕೋರ್ಟಿಂದ ಆರ್ಡರ್ ತನ್ನಿ.”

ಕಿವಿ ಕೇಳದಿದ್ದರೆ ಬುದ್ಧಿಗೆ ಏಕೆ ಸರ್ಟಿಫಿಕೇಟು? ನಾನು ಧ್ವನಿ ತಗ್ಗಿಸಿಯೇ ಹೇಳಿದೆ: ಅಂಗವಿಕಲರ ಹಕ್ಕುಗಳ ಬಗ್ಗೆ ವಿಶ್ವಸಂಸ್ಥೆಯ ಒಡಂಬಡಿಕೆ ಇದೆ, ನಮ್ಮ ದೇಶ ಅದನ್ನು ಒಪ್ಪಿ ಬಹಳ ವರ್ಷವಾಯಿತು. ಅದರ ಹನ್ನೆರಡನೆಯ ವಿಧಿ, ಕಾನೂನಿನ ಮುಂದೆ ಇವರೂ ಎಲ್ಲರಷ್ಟೇ ಪೂರ್ಣ ವ್ಯಕ್ತಿ, ಆಸ್ತಿ ಕೊಳ್ಳಲು ಮಾರಲು ಎಲ್ಲರಷ್ಟೇ ಅಧಿಕಾರ ಉಳ್ಳವರು ಎನ್ನುತ್ತದೆ. ಅದನ್ನೇ ನಮ್ಮ ಪಾರ್ಲಿಮೆಂಟು ಕಾಯಿದೆ ಮಾಡಿದೆ.

ಅಧಿಕಾರಿ ಮೊದಲ ಬಾರಿಗೆ ಕಣ್ಣೆತ್ತಿದರು. ನಗುತ್ತಿದ್ದರು. “ಇದು ರಿಜಿಸ್ಟ್ರಿ ಆಫೀಸು ಕಣಮ್ಮ, ವಿಶ್ವಸಂಸ್ಥೆ ಅಲ್ಲ.”

ಸುತ್ತಲಿದ್ದವರೂ ನಕ್ಕರು. ಆ ನಗು ನನ್ನನ್ನು ಇನ್ನೂ ಬಿಟ್ಟಿಲ್ಲ. ಜಗತ್ತಿನ ದೇಶಗಳು ಕೂತು ಒಂದೊಂದು ಪದಕ್ಕೂ ವಾದ ಮಾಡಿ ಬರೆದ ಒಡಂಬಡಿಕೆಯದು. ಕಿವುಡರೂ ಕುರುಡರೂ ಗಾಲಿಕುರ್ಚಿಯವರೂ ಆ ಸಭೆಗಳಿಗೆ ಹೋಗಿ, ನಮ್ಮನ್ನು ಬಿಟ್ಟು ನಮ್ಮ ಬಗ್ಗೆ ತೀರ್ಮಾನಿಸಬೇಡಿ ಎಂದು ಕೂತಿದ್ದರು. ನಮ್ಮ ದೇಶದ ಸಹಿ ಬಿತ್ತು, ಪತ್ರಿಕೆಗಳಲ್ಲಿ ಹೆಮ್ಮೆಯ ಸುದ್ದಿ ಬಂತು. ಅಷ್ಟೂ ದೂರ ಬಂದ ಹಕ್ಕು ಈ ಕೌಂಟರಿನ ಗಾಜಿನ ಮುಂದೆ ಬಂದು ನಿಂತುಹೋಗುವುದಾದರೆ ಆ ಸಹಿ ಯಾರಿಗಾಗಿ? ವಿಶ್ವಸಂಸ್ಥೆಯಲ್ಲಿ ಯಾರೂ ರಾಗಿ ಹೊಲ ನೋಂದಾಯಿಸುವುದಿಲ್ಲ. ಹಕ್ಕು ಬೇಕಾಗುವುದು ಇಲ್ಲೇ.

ಅಷ್ಟರಲ್ಲಿ ಅಧಿಕಾರಿ ಕೈಯೆತ್ತಿ ನಾಲ್ಕು ಬೆರಳು ತೋರಿಸಿ, “ಸರಿ, ಇದೆಷ್ಟು ಅಂತ ಕೇಳಿ. ಇವತ್ತು ಯಾವ ವಾರ ಅಂತ ಕೇಳಿ. ನೋಡೋಣ” ಎಂದರು.

ನನ್ನ ಕೈ ನಿಂತುಹೋಯಿತು. ಎಷ್ಟೋ ವರ್ಷದ ಕಸುಬಿನಲ್ಲಿ ಬೈಗುಳ ತಲುಪಿಸಿದ್ದೇನೆ, ಸಾವಿನ ಸುದ್ದಿ ತಲುಪಿಸಿದ್ದೇನೆ. ಇದನ್ನು ತಲುಪಿಸಲು ಮನಸ್ಸು ಒಪ್ಪಲಿಲ್ಲ. ಮಂಜುಳ ನನ್ನ ಮುಖ ನೋಡಿದಳು, ಅಧಿಕಾರಿಯ ಬೆರಳು ನೋಡಿದಳು.

“ಅವನು ಏನಂದ? ಪೂರ್ತಿ ಹೇಳು.”

ಪೂರ್ತಿ ಹೇಳಿದೆ. ಅವಳ ಮುಖ ಕೆಂಪಾಯಿತು. ಎರಡೂ ಕೈ ಕೌಂಟರಿನ ಮೇಲಿಟ್ಟು, ಆಮೇಲೆ ಎತ್ತಿ ನಿಧಾನವಾಗಿ ಹೇಳಿದಳು. ನಾನು ಗಟ್ಟಿಯಾಗಿ ಬಾಯಿಬಿಟ್ಟೆ: “ನಮ್ಮಣ್ಣನಿಗೆ ಬೆರಳು ತೋರಿಸಿದ್ರಾ? ಮೊದ್ಲು ಅವನನ್ನ ಕೇಳಿ. ಅವನು ಉತ್ತರ ಕೊಟ್ಟ ಮೇಲೆ ನಾನೂ ಕೊಡ್ತೀನಿ.”

ಹಿಂದೆ ಸಾಲಿನಲ್ಲಿ ಒಬ್ಬ ಮುದುಕ, ಮೊದಲೇ ಕೆಲಸ ಮುಗಿಸಿ ರಸೀದಿಗೆ ಕಾಯುತ್ತಿದ್ದವನು, “ಏನಂತೆ? ಏನಂತೆ?” ಎಂದು ಪಕ್ಕದವನನ್ನು ಕೇಳಿದ. ಪಕ್ಕದವನು ಅವನ ಕಿವಿಯಲ್ಲಿ ಕಿರುಚಿದ. ಮುದುಕ ಮುಂದೆ ಬಂದ. “ಸ್ವಾಮೀ, ನಂಗೂ ಕಿವಿ ಕೇಳಲ್ಲ. ಈಗ ತಾನೆ ನನ್ ಹೆಬ್ಬೆಟ್ಟು ಒತ್ತಿಸ್ಕೊಂಡ್ರಲ್ಲ, ನಂಗ್ಯಾಕೆ ಬೆರ್ಳ್ ತೋರಿಸ್ಲಿಲ್ಲ?”

ಈ ಸಲದ ನಗು ಬೇರೆ ದಿಕ್ಕಿಗೆ ಹೋಯಿತು. ಅಧಿಕಾರಿಗೆ ಸಿಟ್ಟು ಬಂತು. “ಇವರದ್ದು ಆಗಲ್ಲ. ನೆಕ್ಸ್ಟ್.”

ಕೊಳ್ಳುವವರ ಕಡೆಯವನು ಮೊಬೈಲು ಕಿವಿಗಿಟ್ಟುಕೊಂಡು ಹೊರಗೆ ನಡೆದ. ಮುನಿರಾಜು ತಂಗಿಯ ತೋಳು ಹಿಡಿದು, “ಬಾ, ಡಾಕ್ಟರ್ ಹತ್ರ ಹೋಗೋಣ, ಐದು ನಿಮಿಷದ ಕೆಲಸ” ಎಂದ. ಅವಳು ತೋಳು ಬಿಡಿಸಿಕೊಂಡಳು. ನನ್ನ ಕಡೆ ತಿರುಗಿ, “ಆಗಲ್ಲ ಅಂದ್ರೆ ಬರೆದು ಕೊಡ್ಲಿ. ಯಾಕೆ ಆಗಲ್ಲ ಅಂತ ಬರೀಲಿ. ನಾನು ಓದ್ತೀನಿ” ಎಂದಳು.

ನಾನು ಹೇಳಿದೆ. ನಿರಾಕರಿಸಿದರೆ ಕಾರಣ ಬರೆಯಬೇಕೆಂಬ ನಿಯಮ ಅಧಿಕಾರಿಗೆ ನನಗಿಂತ ಚೆನ್ನಾಗಿ ಗೊತ್ತು. ಪೆನ್ನು ತೆಗೆದರು, ಮುಚ್ಚಿದರು. “ಕಿವಿ ಕೇಳದ ಕಾರಣ” ಎಂದು ಬರೆದು ಕೆಳಗೆ ತಮ್ಮ ಹೆಸರು ಹಾಕಬೇಕಿತ್ತಲ್ಲ. ಬಾಯಲ್ಲಿ ಅಷ್ಟು ಹಗುರವಾಗಿದ್ದ ಮಾತು ಕಾಗದಕ್ಕೆ ಇಳಿಯಲೊಲ್ಲದು. “ಊಟ ಆದ್ಮೇಲೆ ನೋಡೋಣ, ಕೂತ್ಕೊಳ್ಳಿ” ಎಂದು ಎದ್ದುಹೋದರು.

ಬೆಂಚಿನ ಮೇಲೆ ಕೂತೆವು. ಮಂಜುಳ ಅತ್ತಿಗೆ ಕಟ್ಟಿಕೊಟ್ಟ ಚಿತ್ರಾನ್ನ ಬಿಚ್ಚಿ ಅಣ್ಣನಿಗೂ ಕೊಟ್ಟಳು. ಅವನು ತಿಂದ, ಅವಳತ್ತ ನೋಡಲಿಲ್ಲ. ಒಳಗಡೆ ಅಧಿಕಾರಿ ಯಾರಿಗೋ ಫೋನು ಮಾಡುವುದು ಕಿಟಕಿಯಲ್ಲಿ ಕಾಣುತ್ತಿತ್ತು.

ಮೂರು ಗಂಟೆಯ ಹೊತ್ತಿಗೆ ಕರೆದರು. ನಗು ಇರಲಿಲ್ಲ. ಕುರ್ಚಿಯನ್ನು ಸ್ವಲ್ಪ ತಿರುಗಿಸಿ ನನ್ನ ಬದಲು ಮಂಜುಳಳನ್ನು ನೋಡಿ, ಒಂದೊಂದು ಶಬ್ದವನ್ನೂ ಬಿಡಿಸಿ ಕೇಳಿದರು: “ಮಂಜುಳ ಅವರೇ, ಈ ಪತ್ರದಲ್ಲಿ ಬರೆದಿರೋದಕ್ಕೆ ನಿಮ್ಮ ಒಪ್ಪಿಗೆ ಇದೆಯಾ?”

ನಾನು ಸನ್ನೆ ಮಾಡಿದೆ. ಹೂಂ ಎನ್ನುತ್ತಾಳೆಂದು ನನ್ನ ಬಾಯಿ ಆಗಲೇ ಸಿದ್ಧವಾಗಿತ್ತು.

“ಇಲ್ಲ” ಎಂದಳು ಮಂಜುಳ.

ಮುನಿರಾಜು ತಲೆಯೆತ್ತಿದ. ಅವಳು ಮುಂದುವರಿಸಿದಳು, ನಾನು ಅವಳ ಹಿಂದೆಯೇ ಮಾತಾಡುತ್ತಾ ಹೋದೆ: “ಮೂರನೇ ಹಾಳೇಲಿ ನನ್ನ ಪಾಲೂ ಅಣ್ಣನ ಖಾತೆಗೆ ಅಂತ ಬರೆದವ್ರೆ. ನಾನು ಅವನ ಪೋಷಣೇಲಿದೀನಿ ಅಂತ ಬರೆದವ್ರೆ. ಎರಡೂ ಸುಳ್ಳು. ಮಾರೋದು ಬೇಡ ಅಂತಿಲ್ಲ. ನನ್ನ ಪಾಲು ನನ್ನ ಖಾತೆಗೆ ಅಂತ ಸರಿ ಮಾಡಿಸ್ಕೊಂಡು ಬರ್ಲಿ, ಆವತ್ತು ಒಪ್ತೀನಿ.”

ಅಧಿಕಾರಿ ಪತ್ರದ ಮೂರನೆಯ ಹಾಳೆ ತೆಗೆದು ಓದಿದರು. ಮತ್ತೆ ಅವಳನ್ನು ನೋಡಿದರು. ಡಾಕ್ಟರ ಮಾತು ಎತ್ತಲಿಲ್ಲ. “ಸರಿ ಮಾಡಿಸ್ಕೊಂಡು ಬನ್ನಿ,” ಎಂದರು ಮುನಿರಾಜುವಿಗೆ. “ಇವರ ಒಪ್ಪಿಗೆ ಇಲ್ದೆ ನಾನು ಮಾಡಕ್ಕಾಗಲ್ಲ.”

ಹೊರಗೆ ಬಂದು ಮುನಿರಾಜು ನನ್ನ ಮೇಲೆ ಹರಿಹಾಯ್ದ. “ನೀವೇ ಹೇಳ್ಕೊಟ್ಟಿದ್ದು ಮೇಡಂ! ಅವಳಾಗವಳೇ ಹಿಂಗೆ ಮಾಡೋಳಲ್ಲ.”

ಅದನ್ನೂ ಅವಳಿಗೆ ತಿಳಿಸಿದೆ. ಅವಳು ಅಣ್ಣನ ಎದುರಿಗೆ ಹೋಗಿ ನಿಂತಳು. ನಾನು ಬಾಯಿ ತೆರೆಯುವ ಮೊದಲೇ ಕೈ ಅಡ್ಡ ಹಿಡಿದು ನನ್ನನ್ನು ತಡೆದಳು. ಚಿಕ್ಕಂದಿನಲ್ಲಿ ಅಣ್ಣ ತಂಗಿಯರ ನಡುವೆ ಇದ್ದ ಯಾವುದೋ ಮನೆಯ ಸನ್ನೆ ಮಾಡಿದಳು, ನನಗೆ ಅರ್ಥವಾಗಲಿಲ್ಲ. ಅವನಿಗೆ ಆಯಿತು. “ಬರೆಸ್ತೀನಿ, ಹೋಗು” ಎಂದ. ಅವಳ ಮುಖ ನೋಡಿ, ತುಟಿ ಅಗಲಿಸಿ, ಅವಳಿಗೆ ಓದಲು ಬರುವ ಹಾಗೆ.

ದೊಡ್ಡಬಳ್ಳಾಪುರಕ್ಕೆ ವಾಪಸು ಬಸ್ಸಿನಲ್ಲೇ ಬಂದೆವು. ದಾರಿಯಲ್ಲಿ ಕೇಳಿದೆ: “ಬೆಳಿಗ್ಗೆಯೇ ಓದಿದ್ದೆಯಲ್ಲ, ಆಗಲೇ ಯಾಕೆ ಹೇಳಲಿಲ್ಲ?”

“ಆಗ ಹೇಳಿದ್ರೆ ಮನೆ ಜಗಳ ಆಗ್ತಿತ್ತು. ಅಣ್ಣ ಸಮಾಧಾನ ಮಾಡ್ತಿದ್ದ, ನೀನು ಭಾಷಣ ಮಾಡ್ತಿದ್ದೆ. ಸರ್ಕಾರದೋನು ನನ್ನ ಕೇಳ್ಬೇಕಾಗಿತ್ತು. ಕೇಳಿದ್ಮೇಲೆ ತಾನೆ ಇಲ್ಲ ಅನ್ನಕ್ಕಾಗೋದು?”

ತುಮಕೂರಿನ ಕಡೆಯ ಬಸ್ಸು ಹೊರಡಲು ನಿಂತಿತ್ತು. ಹತ್ತಿ ಕಿಟಕಿ ಪಕ್ಕ ಕೂತೆ, ಗಾಜು ಸರಿಯಲಿಲ್ಲ. ಬೇರೆಯವರಾಗಿದ್ದರೆ ಅಲ್ಲಿಗೆ ಮಾತು ಮುಗಿಯುತ್ತಿತ್ತು. ನಮಗೆ ಗಾಜು ಅಡ್ಡಿಯಲ್ಲ. ಹಾರ್ನು, ಇಂಜಿನ್ನು, ಕಂಡಕ್ಟರನ ಕೂಗು ಯಾವುದೂ ಅಡ್ಡಿಯಲ್ಲ. ಬಸ್ಸು ಹಿಂದಕ್ಕೆ ಸರಿದು ತಿರುಗುವವರೆಗೂ ಅವಳು ನಿಲ್ದಾಣದ ಕಂಬದ ಹತ್ತಿರ ನಿಂತು ಮಾತಾಡುತ್ತಲೇ ಇದ್ದಳು. ಅಧಿಕಾರಿಯ ಮುಖ ಅನುಕರಿಸಿ ತೋರಿಸಿದಳು, ನಾನು ಒಬ್ಬಳೇ ನಕ್ಕೆ, ಪಕ್ಕದ ಸೀಟಿನವನು ದೂರ ಸರಿದ. ಆಮೇಲೆ ಅವಳ ಮುಖ ಗಟ್ಟಿಯಾಯಿತು. “ಒಂದು ಪ್ರಶ್ನೆ ಕೇಳಕ್ಕೆ ಒಂದಿನ ಬೇಕಾಯ್ತು ನೋಡು ಅವನಿಗೆ,” ಎಂದಳು. ಬಸ್ಸು ರಸ್ತೆಗೆ ಇಳಿಯಿತು. ನಾನು ಹಿಂದಿನ ಕಿಟಕಿಗೆ ಓಡಿ ನೋಡಿದೆ. ಜನರ ತಲೆಗಳ ಮೇಲೆ ಅವಳ ಎರಡು ಕೈ ಮಾತ್ರ ಕಾಣುತ್ತಿತ್ತು, ಸ್ಪಷ್ಟವಾಗಿ:

“ಮುಂದಿನ ಸಲ ಊಟಕ್ಕೆ ಮುಂಚೇನೇ ಕೇಳ್ತಾನೆ.”